ಅದೇ ಹೆಲ್ಮೆಟ್ಟಿನವ ಇವತ್ತೂ ಇದ್ದ

(ಉಡುಪಿಯಲ್ಲಿ ಆಶಾ ಕಾರ್ಯಕರ್ತೆಯರು, ಕಾಲೇಜು ಅಧ್ಯಾಪಕರು ಮತ್ತು ಪೋಷಕರು ಸೇರಿದ್ದ ಸಭೆಯೊಂದರಲ್ಲಿ ಮಾಡಿದ ಉಪನ್ಯಾಸದ ಬರಹ ರೂಪ. ಮಾತಿನ ಧಾಟಿಯನ್ನು ಆದಷ್ಟು ಹಾಗೆಯೇ ಇಟ್ಟಿದೆ.)

ಎಲ್ಲರಿಗೂ ನಮಸ್ಕಾರ.

"ಅದೇ ಹೆಲ್ಮೆಟ್ಟಿನವ ಇವತ್ತೂ ಇದ್ದ." ಯಾರೋ ನನ್ನನ್ನು ನೋಡುತ್ತಿದ್ದಾರೆ, ಬೆನ್ನು ಹತ್ತಿದ್ದಾರೆ ಎಂಬ ಭಯ ಇವತ್ತಿನ ವಿಷಯ. ಮನೆಯೊಳಗೆ ಅದು ಶುರುವಾಗುವುದು ಹೆಚ್ಚಾಗಿ ಇಷ್ಟು ಚಿಕ್ಕ ಮಾತಿನಿಂದ. ತುಳುವಿನಲ್ಲಾದರೆ "ಏರೋ ತೂವೊಂದುಲ್ಲೆರ್", ಕುಂದಾಪುರದ ಕಡೆ "ಯಾರೋ ಕಾಂತಿದ್ರ್"; ಎರಡಕ್ಕೂ ಅರ್ಥ "ಯಾರೋ ನೋಡುತ್ತಿದ್ದಾರೆ" ಎಂದು. ಭಾಷೆ ಯಾವುದೇ ಇರಲಿ, ಅದರಲ್ಲಿ "ಯಾರೋ" ಇದ್ದಾನೆ, ಹೆಸರು ಇಲ್ಲ. ಹೆಸರು ಬರುವುದು ಆಮೇಲೆ, ಮತ್ತು ತೊಂದರೆ ದೊಡ್ಡದಾಗುವುದು ಹೆಸರು ಬಂದ ಮೇಲೆ. ಈ ಮಾತನ್ನು ನೆನಪಿಟ್ಟುಕೊಳ್ಳಿ, ಕೊನೆಯಲ್ಲಿ ಬೇಕಾಗುತ್ತದೆ.

ಕೇಳಿದ ಮನೆಯವರು ಮಾಡುವುದು ಎರಡರಲ್ಲಿ ಒಂದು. "ಎಂತ ಇಲ್ಲ ಮಾರಾಯ್ತಿ, ನಿನ್ನ ಭ್ರಮೆ" ಎಂದು ಬಾಯಿ ಮುಚ್ಚಿಸುತ್ತಾರೆ. ಇಲ್ಲವಾದರೆ ತಾವೂ ಕಿಟಕಿಯ ಪರದೆ ಎಳೆದು ಅವಳ ಜೊತೆ ಕಾವಲಿಗೆ ಕೂರುತ್ತಾರೆ. ಎರಡೂ ಹಾಳು ಮಾಡುತ್ತವೆ. ನಿಜವಾಗಿ ಬೆನ್ನು ಹತ್ತುವವರು ಇದ್ದಾರೆ, ಅದಕ್ಕೇ ಕಾನೂನು ಬಂದದ್ದು. ಯಾರೂ ಬೆನ್ನು ಹತ್ತದೆ ಹಾಗೆ ಅನ್ನಿಸುವುದೂ ಉಂಟು. ಇವೆರಡರ ನಡುವೆ ಇನ್ನೊಂದು ಬಗೆಯಿದೆ, ಅದನ್ನೇ ನಾವು ಮರೆಯುವುದು: ಒಂದು ಕಾಲದಲ್ಲಿ ಕಿರುಕುಳ ನಿಜವಾಗಿಯೇ ನಡೆದಿರುತ್ತದೆ, ಅದು ನಿಂತ ಮೇಲೂ ಭಯ ಮಾತ್ರ ಬೆಳೆಯುತ್ತ ಹೋಗಿ ಪೇಟೆಯ ಪ್ರತಿಯೊಂದು ಮುಖಕ್ಕೂ ಅಂಟಿಕೊಳ್ಳುತ್ತದೆ.

ಆದ್ದರಿಂದ ಎರಡು ಪ್ರಶ್ನೆಗಳನ್ನು ಬೇರೆ ಬೇರೆ ಇಡಬೇಕು. ಒಬ್ಬ ನೋಡುತ್ತಿದ್ದಾನೆಯೇ? ಇದು ಒಂದು. ಈ ಭಯ ನಿದ್ರೆಯನ್ನು, ಊಟವನ್ನು, ಕೆಲಸವನ್ನು ಎಷ್ಟು ತಿಂದಿದೆ? ಇದು ಇನ್ನೊಂದು. ಮೊದಲನೆಯದಕ್ಕೆ ಉತ್ತರ ಸಿಗದಿದ್ದರೂ ಎರಡನೆಯದಕ್ಕೆ ಇವತ್ತೇ ಮದ್ದು ಮಾಡಬಹುದು. ಹೆಚ್ಚಿನ ಮನೆಗಳಲ್ಲಿ ಮೊದಲನೆಯದರ ಮೇಲೆ ಆರು ತಿಂಗಳು ಜಗಳ ಆಗುತ್ತದೆ, ಎರಡನೆಯದನ್ನು ಯಾರೂ ಕೇಳಿರುವುದೇ ಇಲ್ಲ.

ಸಣ್ಣ ಊರಿನ ಲೆಕ್ಕ

ಮಂಗಳೂರು, ಉಡುಪಿಯಂಥ ಊರಿನಲ್ಲಿ ಒಂದೇ ಮುಖ ಪದೇ ಪದೇ ಕಾಣುವುದು ಸಹಜ. ನಮ್ಮ ಖಾಸಗಿ ಸಿಟಿ ಬಸ್ಸುಗಳು ನಿಮಿಷದ ಲೆಕ್ಕದಲ್ಲಿ ಓಡುತ್ತವೆ. ನೀವು ದಿನಾ 8:10ರ ಬಸ್ಸಿಗೆ ಹತ್ತಿದರೆ, 9 ಗಂಟೆಗೆ ಕೆಲಸಕ್ಕೆ ಸೇರಬೇಕಾದವರೆಲ್ಲ ಅದಕ್ಕೇ ಹತ್ತುತ್ತಾರೆ, ಸ್ಟೇಟ್‌ಬ್ಯಾಂಕ್ ಬಸ್ ನಿಲ್ದಾಣದಲ್ಲಿ ನಿಮ್ಮ ಹಿಂದೆಯೇ ಇಳಿಯುತ್ತಾರೆ. ಅವರ ಕಣ್ಣಿಗೆ ನೀವೇ ಹಿಂಬಾಲಿಸುವವರು.

ವಾಹನದ ನಂಬರಿನ ಲೆಕ್ಕ ಇನ್ನೂ ಮೋಸದ್ದು. ಒಬ್ಬ ಹುಡುಗ ಗಾಡಿಯ ನಂಬರಿನ ಕೊನೆಯಲ್ಲಿ 47 ಕಂಡರೆ ಹೆದರುತ್ತಾನೆ ಎಂದುಕೊಳ್ಳಿ. ಕೊನೆಯ ಎರಡು ಅಂಕಿಗಳಲ್ಲಿ 00ರಿಂದ 99ರ ವರೆಗೆ ನೂರು ಸಾಧ್ಯತೆ. ಉಡುಪಿಯ ಕಲ್ಸಂಕ ವೃತ್ತದಲ್ಲಿ ನಿಂತು 300 ಗಾಡಿ ಎಣಿಸಿದರೆ ಸರಾಸರಿ 3 ಗಾಡಿಗೆ 47 ಇರಲೇಬೇಕು. ದಿನಕ್ಕೆ ಎರಡು ಬಾರಿ ಆ ವೃತ್ತ ದಾಟುವವನಿಗೆ 47 ಕಾಣದಿದ್ದರೆ ಅದೇ ಆಶ್ಚರ್ಯ. ಬಿಳಿ ಕಾರು, ಕಪ್ಪು ಸ್ಕೂಟರ್ ಬಗ್ಗೆ ಹೇಳುವುದೇ ಬೇಡ.

ಮಳೆಗಾಲದಲ್ಲಿ ಇದು ಹೆಚ್ಚು. ಜೂನ್‌ನಿಂದ ಸೆಪ್ಟೆಂಬರ್ ತನಕ ನಮ್ಮ ರಸ್ತೆಯಲ್ಲಿ ಮುಖಗಳೇ ಇರುವುದಿಲ್ಲ. ರೇನ್‌ಕೋಟು, ಹೆಲ್ಮೆಟ್ಟು, ಗಾಜಿನ ಮೇಲೆ ನೀರು. ಕಣ್ಣು ಸ್ಪಷ್ಟವಾಗಿ ಕಾಣದಿದ್ದಾಗ ಮೆದುಳು "ಅವನು ನನ್ನನ್ನೇ ನೋಡುತ್ತಿದ್ದಾನೆ" ಎಂಬ ಕಡೆಗೆ ವಾಲುತ್ತದೆ. 2013ರಲ್ಲಿ ಪ್ರಕಟವಾದ ಪ್ರಯೋಗಗಳಲ್ಲಿ ಇದನ್ನು ಅಳೆದು ತೋರಿಸಿದ್ದಾರೆ, ಅದೂ ಯಾವ ಕಾಯಿಲೆಯೂ ಇಲ್ಲದ ಆರೋಗ್ಯವಂತರಲ್ಲಿ. ನೋಟ ಎತ್ತ ಇದೆ ಎಂಬುದು ಮಸುಕಾದಷ್ಟೂ ಜನ "ನನ್ನ ಕಡೆಗೇ" ಎಂದರು. ಕಾಡಿನಲ್ಲಿ ಬದುಕಿದ ಪ್ರಾಣಿಗೆ ಇದು ಒಳ್ಳೆಯ ಅಭ್ಯಾಸ. ನೋಡದವನನ್ನು ನೋಡಿದ ಎಂದುಕೊಂಡರೆ ನಷ್ಟ ಸ್ವಲ್ಪ, ನೋಡುತ್ತಿರುವ ಚಿರತೆಯನ್ನು ಇಲ್ಲ ಎಂದುಕೊಂಡರೆ ಜೀವವೇ ಹೋಯಿತು.

ನಮ್ಮನ್ನು ಎಲ್ಲರೂ ಗಮನಿಸುತ್ತಾರೆ ಎಂಬ ಅಂದಾಜೂ ಹೀಗೆಯೇ ಉಬ್ಬಿರುತ್ತದೆ. 2000ದಲ್ಲಿ ಅಮೆರಿಕದ ಸಂಶೋಧಕರು ವಿದ್ಯಾರ್ಥಿಗಳಿಗೆ ಮುಜುಗರವಾಗುವಂಥ ಚಿತ್ರದ ಟಿ-ಶರ್ಟ್ ಹಾಕಿಸಿ ಒಂದು ಕೋಣೆಗೆ ಕಳಿಸಿದರು. "ಅರ್ಧದಷ್ಟು ಜನ ನೋಡಿರಬೇಕು" ಎಂದರು ಹಾಕಿಕೊಂಡವರು. ನಿಜವಾಗಿ ಗಮನಿಸಿದ್ದು ಕಾಲು ಭಾಗಕ್ಕಿಂತ ಕಡಿಮೆ.

"ಆದರೆ ನಾನು ತಿರುಗಿ ನೋಡಿದಾಗಲೆಲ್ಲ ಅವ ನನ್ನನ್ನೇ ನೋಡುತ್ತಿದ್ದ" ಎಂದು ಕೇಳುವವರಿದ್ದಾರೆ. ಸರಿಯಾದ ಪ್ರಶ್ನೆ. 1898ರಲ್ಲೇ ಟಿಚನರ್ ಎಂಬ ಮನಶ್ಶಾಸ್ತ್ರಜ್ಞ ಇದಕ್ಕೆ ಉತ್ತರ ಬರೆದಿದ್ದಾರೆ. ಬೆನ್ನ ಹಿಂದೆ ಯಾರೋ ಇದ್ದಾರೆ ಎಂದು ನಾವು ಚಡಪಡಿಸುತ್ತೇವೆ, ತಲೆ ತಿರುಗಿಸುತ್ತೇವೆ. ಸಾಲಿನಲ್ಲಿ ಒಂದು ತಲೆ ಅಲುಗಾಡಿದರೆ ಹಿಂದಿನವರ ಕಣ್ಣು ತಾನಾಗಿ ಅತ್ತ ಹೋಗುತ್ತದೆ. ನಮ್ಮ ತಲೆ ಪೂರ್ತಿ ತಿರುಗುವ ಹೊತ್ತಿಗೆ ಎರಡೂ ಕಣ್ಣು ಕೂಡುತ್ತವೆ. ಅವನು ನೋಡಿದ್ದು ನಿಜ. ನೋಡುವ ಹಾಗೆ ಮಾಡಿದ್ದು ನಾವು.

ಚೌಕಿಯ ನಡುಕ

ಇಲ್ಲಿಯವರೆಗೆ ಹೇಳಿದ್ದು ನಮ್ಮೆಲ್ಲರಿಗೂ ಆಗುವುದು, ಬಂದು ಹೋಗುವುದು. ಕೆಲವರಲ್ಲಿ ಇದು ಹೋಗದೆ ಗಟ್ಟಿಯಾಗುತ್ತದೆ. ಜರ್ಮನಿಯ ಮನೋವೈದ್ಯ ಕ್ಲೌಸ್ ಕಾನ್ರಾಡ್ 1958ರಲ್ಲಿ ಇದರ ಮೊದಲ ಹಂತಕ್ಕೆ ಟ್ರೆಮಾ ಎಂದು ಹೆಸರಿಟ್ಟರು. ರಂಗಕ್ಕೆ ಹೋಗುವ ಮುನ್ನ ನಟನಿಗೆ ಬರುವ ನಡುಕಕ್ಕೆ ಅಲ್ಲಿಯ ರಂಗದವರು ಬಳಸುವ ಮಾತು ಅದು. ಯಕ್ಷಗಾನದ ಚೌಕಿಯಲ್ಲಿ, ಅಂದರೆ ಬಣ್ಣ ಹಚ್ಚಿ ವೇಷ ಕಟ್ಟುವ ಜಾಗದಲ್ಲಿ, ಮೊದಲ ಸಲ ವೇಷ ಕಟ್ಟಿ ಕೂತ ಹುಡುಗನನ್ನು ನೆನಪಿಸಿಕೊಳ್ಳಿ: ಏನೋ ಆಗಲಿದೆ, ಎಲ್ಲ ತನ್ನ ಸುತ್ತಲೇ ನಡೆಯುತ್ತಿದೆ, ಆದರೆ ಏನೆಂದು ಗೊತ್ತಿಲ್ಲ. ಈ ಹಂತ ಕೆಲವು ದಿನ ಇರಬಹುದು, ತಿಂಗಳುಗಟ್ಟಲೆ ಎಳೆಯಲೂಬಹುದು. ಮನೆಯವರಿಗೆ ಕಾಣುವುದು ಇಷ್ಟೇ: ಹುಡುಗ ಮೌನ, ಸಿಡುಕು, ಓದಿನಲ್ಲಿ ಹಿಂದೆ, ರಾತ್ರಿ ಎಚ್ಚರ.

ಎರಡನೆಯ ಹಂತದಲ್ಲಿ ಅರ್ಥ ಸಿಕ್ಕಿಬಿಡುತ್ತದೆ. "ಓ, ಅವರು ನನ್ನ ಹಿಂದೆ ಬಿದ್ದಿದ್ದಾರೆ!" ವಿಚಿತ್ರವೆಂದರೆ ಆ ಕ್ಷಣಕ್ಕೆ ಒಂದು ನೆಮ್ಮದಿಯೂ ಉಂಟು. ಗೊತ್ತಿಲ್ಲದ ನಡುಕಕ್ಕಿಂತ ಗೊತ್ತಿರುವ ಶತ್ರು ವಾಸಿ. ಅದಕ್ಕೇ ನೀವು ವಾದ ಮಾಡಿ ಆ ಅರ್ಥವನ್ನು ಕಿತ್ತುಕೊಳ್ಳಲು ಹೋದರೆ ಅವನು ಬಿಡುವುದಿಲ್ಲ. ಬಿಟ್ಟರೆ ಪುನಃ ಚೌಕಿಯ ನಡುಕಕ್ಕೇ ಹೋಗಬೇಕು.

ತೀರ್ಮಾನಕ್ಕೆ ಬೇಗ ಹಾರುವುದು ಇಲ್ಲಿ ಕಾಣುವ ಇನ್ನೊಂದು ಗುಣ. ಅದಕ್ಕೆ ಮಣಿಗಳ ಪರೀಕ್ಷೆ ಎಂಬುದುಂಟು, 1988ರಿಂದ ಬಳಕೆಯಲ್ಲಿದೆ. ಎರಡು ಜಾಡಿ, ಒಂದರಲ್ಲಿ 85 ಒಂದು ಬಣ್ಣದ ಮಣಿ, 15 ಇನ್ನೊಂದು ಬಣ್ಣದ್ದು. ಮತ್ತೊಂದರಲ್ಲಿ ತಲೆಕೆಳಗು. ಯಾವ ಜಾಡಿಯಿಂದ ತೆಗೆಯುತ್ತಿದ್ದೇವೆ ಎಂದು ಹೇಳದೆ ಒಂದೊಂದೇ ಮಣಿ ತೋರಿಸಿ, "ಗೊತ್ತಾಯಿತು ಎನ್ನಿಸಿದಾಗ ಹೇಳು" ಎನ್ನುತ್ತಾರೆ. ಭ್ರಮಾತ್ಮಕ ನಂಬಿಕೆ ಇರುವವರಲ್ಲಿ ಬಹಳ ಮಂದಿ ಒಂದೆರಡು ಮಣಿಗೇ ಹೇಳಿಬಿಡುತ್ತಾರೆ. ಬುದ್ಧಿ ಕಡಿಮೆ ಎಂದಲ್ಲ. ಇನ್ನೊಂದು ಮಣಿ ಬರಲಿ ಎಂದು ಕಾಯುವ ತಾಳ್ಮೆಯನ್ನು ಭಯ ಕೊಡುವುದಿಲ್ಲ.

ಆಮೇಲೆ ಶುರುವಾಗುವುದು ಮುನ್ನೆಚ್ಚರಿಕೆಗಳು. ದಾರಿ ಬದಲಿಸುವುದು, ಎರಡು ಬೀಗ ಹಾಕುವುದು, ಫೋನ್ ಸ್ವಿಚ್ ಆಫ್ ಮಾಡಿ ಅಕ್ಕಿ ಡಬ್ಬದಲ್ಲಿಡುವುದು, ಪೇಟೆಗೆ ಹೋಗದೆ ಇರುವುದು. ಇವು ಭಯವನ್ನು ಸಾಕುತ್ತವೆ. "ನಾನು ದಾರಿ ಬದಲಿಸಿದ್ದಕ್ಕೇ ಇವತ್ತು ಏನೂ ಆಗಲಿಲ್ಲ" ಎಂಬ ಲೆಕ್ಕ ದಿನಾ ಜಮೆ ಆಗುತ್ತದೆ, ಬದಲಿಸದಿದ್ದರೂ ಆಗುತ್ತಿರಲಿಲ್ಲ ಎಂದು ತಿಳಿಯುವ ಅವಕಾಶವೇ ಬರುವುದಿಲ್ಲ. ಕೆಟ್ಟದ್ದರಲ್ಲಿ ಕೆಟ್ಟದ್ದು ಸಿಸಿಟಿವಿ ಆಪ್. ಮನೆಗೆ ಕ್ಯಾಮೆರಾ ಹಾಕಿದರೆ ಮಗನಿಗೆ ಧೈರ್ಯ ಬಂದೀತು ಎಂದು ಅಪ್ಪ ಹಾಕಿಸುತ್ತಾರೆ. ಮಗ ರಾತ್ರಿ 2 ಗಂಟೆಗೆ ಹಾಸಿಗೆಯಲ್ಲಿ ಮಲಗಿ ಗೇಟಿನ ಮುಂದೆ ಹೋದ ನಾಯಿಯ ನೆರಳನ್ನು ಹದಿನೆಂಟು ಸಲ ಹಿಂದೆ ಮುಂದೆ ಮಾಡಿ ನೋಡುತ್ತಾನೆ. ಕ್ಯಾಮೆರಾ ಇರಲಿ. ಆಪ್ ಅವನ ಫೋನಿನಲ್ಲಿ ಬೇಡ.

ಒಂದು ಸಂಜೆ, ಎರಡು ಗಂಟೆ, ಇಬ್ಬರು

ಹಾಗಾದರೆ ಪರೀಕ್ಷಿಸಲೇಬಾರದೇ? ಪರೀಕ್ಷಿಸಬೇಕು. ಒಂದೇ ಸಲ, ಸರಿಯಾಗಿ, ಜೊತೆಗೆ ಇನ್ನೊಬ್ಬರನ್ನು ಕೂರಿಸಿಕೊಂಡು. ನಿಜವಾದ ಕಣ್ಗಾವಲಿಗೆ ಕರೆಂಟು ಬೇಕು, ಇಂಟರ್ನೆಟ್ ಬೇಕು, ಅಥವಾ ಒಬ್ಬ ಮನುಷ್ಯ ಬೇಕು. ಈ ಮೂರರ ಗುರುತು ಹುಡುಕಿದರೆ ಸಾಕು.

ಮೊದಲು ಫೋನು. ವಾಟ್ಸಾಪಿನ ಮೂರು ಚುಕ್ಕಿ ಒತ್ತಿ "ಲಿಂಕ್ಡ್ ಡಿವೈಸಸ್" ತೆರೆಯಿರಿ, ಗೊತ್ತಿಲ್ಲದ್ದನ್ನು ಲಾಗೌಟ್ ಮಾಡಿ. ಹೆಚ್ಚಾಗಿ ಅಲ್ಲಿ ಸಿಗುವುದು ಎಂದೋ ಆಫೀಸಿನ ಕಂಪ್ಯೂಟರಿನಲ್ಲಿ ತೆರೆದು ಮರೆತದ್ದು. ಆಮೇಲೆ ಗೂಗಲ್ ಖಾತೆಯ ಸೆಕ್ಯುರಿಟಿ ವಿಭಾಗದಲ್ಲಿ "ಯುವರ್ ಡಿವೈಸಸ್". ಇಲ್ಲಿ ಜನ ಬೆಚ್ಚಿಬೀಳುವ ಒಂದು ಜಾಗ ಉಂಟು. ನೀವು ಮಣಿಪಾಲದಲ್ಲೇ ಕೂತಿದ್ದರೂ ನಿಮ್ಮದೇ ಫೋನಿನ ಪಕ್ಕ "ಬೆಂಗಳೂರು" ಅಥವಾ "ಚೆನ್ನೈ" ಎಂದು ತೋರಿಸಬಹುದು. ಮೊಬೈಲ್ ಕಂಪನಿಯ ಇಂಟರ್ನೆಟ್ ವಿಳಾಸ ಎಲ್ಲಿಗೆ ದಾಖಲಾಗಿದೆಯೋ ಆ ಊರು ಅದು. ಫೋನಿನ ಮಾಡೆಲ್ ನೋಡಿ, ಊರಿನ ಹೆಸರು ನೋಡಬೇಡಿ. ಮ್ಯಾಪ್ಸಿನಲ್ಲಿ "ಲೊಕೇಶನ್ ಶೇರಿಂಗ್" ಯಾರಿಗಾದರೂ ತೆರೆದಿದೆಯೇ ನೋಡಿ. ಸೆಟ್ಟಿಂಗ್ಸಿನಲ್ಲಿ "ಆಕ್ಸೆಸಿಬಿಲಿಟಿ" ಮತ್ತು "ಡಿವೈಸ್ ಅಡ್ಮಿನ್" ಅನುಮತಿ ಪಡೆದ ಆಪ್‌ಗಳು ಯಾವುವು ನೋಡಿ. ಗೂಢಚಾರಿಕೆಯ ಆಪ್ ಇದ್ದರೆ ಅನುಮತಿ ಬೇಡುವುದು ಹೆಚ್ಚಾಗಿ ಇಲ್ಲಿ. ಪ್ಲೇ ಸ್ಟೋರಿನೊಳಗಿನ ಪ್ಲೇ ಪ್ರೊಟೆಕ್ಟ್ ಸ್ಕ್ಯಾನ್ ಓಡಿಸಿ. ಕೊನೆಗೆ ಪಾಸ್‌ವರ್ಡ್ ಮತ್ತು ಪಿನ್ ಬದಲಿಸಿ.

ಒಂದು ಎಚ್ಚರಿಕೆ. ಗಂಡನೋ ಹಳೆಯ ಗೆಳೆಯನೋ ನಿಜವಾಗಿ ಆಪ್ ಹಾಕಿದ್ದಾನೆ ಎಂಬ ಬಲವಾದ ಅನುಮಾನವಿದ್ದರೆ, ಕಂಡಕೂಡಲೇ ತೆಗೆಯಬೇಡಿ. ತೆಗೆದದ್ದು ಅವನಿಗೆ ತಿಳಿಯುತ್ತದೆ, ಸಾಕ್ಷಿಯೂ ಹೋಗುತ್ತದೆ. ಇನ್ನೊಬ್ಬರ ಫೋನಿನಿಂದ ಆ ಪರದೆಯ ಫೋಟೊ ತೆಗೆದು, ಇನ್ನೊಬ್ಬರ ಫೋನಿನಿಂದಲೇ 181 ಮಹಿಳಾ ಸಹಾಯವಾಣಿಗೆ ಮಾತಾಡಿ.

ಆಮೇಲೆ ಗಾಡಿ. ನಾಣ್ಯದ ಗಾತ್ರದ ಟ್ಯಾಗ್‌ಗಳು ಒಂದು ಸಣ್ಣ ಬಟನ್ ಸೆಲ್ಲಿನಲ್ಲಿ ವರ್ಷದಷ್ಟು ನಡೆಯುತ್ತವೆ. ಗೊತ್ತಿಲ್ಲದ ಏರ್‌ಟ್ಯಾಗ್ ನಿಮ್ಮ ಜೊತೆ ಸುತ್ತುತ್ತಿದ್ದರೆ ಐಫೋನು ತಾನಾಗಿ ಹೇಳುತ್ತದೆ. ಆಂಡ್ರಾಯ್ಡಿನಲ್ಲಿ "ಸೇಫ್ಟಿ ಅಂಡ್ ಎಮರ್ಜೆನ್ಸಿ"ಯೊಳಗೆ "ಅನ್‌ನೋನ್ ಟ್ರ್ಯಾಕರ್ ಅಲರ್ಟ್ಸ್" ಉಂಟು, ಅಲ್ಲೇ ಕೈಯಾರೆ ಸ್ಕ್ಯಾನ್ ಮಾಡಬಹುದು. 2024ರ ಮೇಯಿಂದ ಎರಡೂ ಬಗೆಯ ಫೋನುಗಳು ಒಂದೇ ಮಾನದಂಡದಲ್ಲಿ ಎಚ್ಚರಿಸುತ್ತವೆ. ಅಪಾರ್ಟ್‌ಮೆಂಟಿನಲ್ಲಿ ಸ್ಕ್ಯಾನ್ ಮಾಡಿದರೆ ನೆರೆಯವರ ಕೀಚೈನೂ ಸಿಕ್ಕೀತು, ಆದ್ದರಿಂದ ಮೈದಾನಕ್ಕೋ ಕಡಲ ತೀರಕ್ಕೋ ಹೋಗಿ ಮಾಡಿ. ಸಿಮ್ ಇರುವ ಜಿಪಿಎಸ್ ಬೇರೆ. ಅದಕ್ಕೆ ಗಾಡಿಯ ಬ್ಯಾಟರಿಯಿಂದ ವಯರ್ ಬೇಕು, ಇಲ್ಲವೇ ಯಾರಾದರೂ ಬಂದು ಆಗಾಗ ಚಾರ್ಜ್ ಮಾಡಬೇಕು. ಸ್ಕೂಟರಿನ ಸೀಟಿನಡಿ, ಮುಂದಿನ ಪ್ಯಾನೆಲ್ಲಿನ ಒಳಗೆ, ಕಾರಾದರೆ ಸ್ಟೀರಿಂಗಿನ ಕೆಳಗೆ ಮೆಕ್ಯಾನಿಕ್ ತನ್ನ ಪರೀಕ್ಷಾ ಯಂತ್ರ ಸಿಕ್ಕಿಸುವ ಓಬಿಡಿ ಪೋರ್ಟಿನಲ್ಲಿ ನೋಡಿ. ಪರಿಚಯದ ಮೆಕ್ಯಾನಿಕ್ ಇದ್ದರೆ ಅರ್ಧ ಗಂಟೆಯ ಕೆಲಸ.

ಪೀಜಿ, ಲಾಡ್ಜ್, ಬಟ್ಟೆ ಬದಲಿಸುವ ಕೋಣೆಯಾದರೆ ಮೊದಲು ನೋಡಬೇಕಾದದ್ದು ಪ್ಲಗ್ಗಿಗೆ ಸಿಕ್ಕಿಸಿದ ಅಡಾಪ್ಟರು, ಗಡಿಯಾರ, ಹೊಗೆ ಪತ್ತೆಯ ಡಬ್ಬಿ, ಬಚ್ಚಲಿನ ವೆಂಟಿಲೇಟರು. ಲೈಟು ಆರಿಸಿ ಟಾರ್ಚನ್ನು ಕಣ್ಣಿನ ಮಟ್ಟದಲ್ಲಿ ಹಿಡಿದು ನಿಧಾನವಾಗಿ ಆಡಿಸಿದರೆ ಲೆನ್ಸು ಸೂಜಿಮೊನೆಯ ಹಾಗೆ ಮಿಂಚುತ್ತದೆ. ಎದುರು ಮನೆಯವರ ಸಿಸಿಟಿವಿ ನಿಮ್ಮ ಬಾಗಿಲಿಗೇ ಮುಖ ಮಾಡಿದ್ದರೆ ಅದನ್ನು ಸಮಾಧಾನದಲ್ಲಿ ಕೇಳಿ, ಪರದೆಯ ಮೇಲೆ ಎಲ್ಲಿವರೆಗೆ ಕಾಣುತ್ತದೆ ಎಂದು ತೋರಿಸಿಕೊಳ್ಳಿ. ಬೇಡದ ಭಾಗವನ್ನು ಕಪ್ಪು ಪಟ್ಟಿಯಿಂದ ಮುಚ್ಚುವ ಸೌಲಭ್ಯ ಹೆಚ್ಚಿನ ರೆಕಾರ್ಡರುಗಳಲ್ಲಿದೆ.

ಮುಗಿದ ಮೇಲೆ ಏನೇನು ನೋಡಿದೆವು, ಏನು ಸಿಕ್ಕಿತು, ಏನು ಸಿಗಲಿಲ್ಲ ಎಂದು ಒಂದು ಹಾಳೆಯಲ್ಲಿ ಬರೆದು ಇಬ್ಬರೂ ಸಹಿ ಹಾಕಿ, ತಾರೀಕು ಹಾಕಿ. ಇದು ನಾಟಕವಲ್ಲ. ಮೂರು ದಿನ ಬಿಟ್ಟು "ಇನ್ನೊಮ್ಮೆ ನೋಡುವ" ಎಂಬ ಒತ್ತಾಯ ಬಂದೇ ಬರುತ್ತದೆ. ಆಗ ಆ ಹಾಳೆ ತೆಗೆದು ತೋರಿಸಬೇಕು. ಕಣ್ಣಿಗೆ ಕಂಡ ಹೊಸ ಸಂಗತಿ ಇದ್ದರೆ ಮಾತ್ರ ಮತ್ತೆ ಪರೀಕ್ಷೆ. ಹೊಸ ಅನುಮಾನಕ್ಕೆ ಇಲ್ಲ.

ಇದರ ಜೊತೆಗೆ 14 ದಿನ ಒಂದು ನೋಟ್‌ಬುಕ್. ದಿನಕ್ಕೆ ಒಂದೇ ಹೊತ್ತು, ಸಂಜೆ 7ಕ್ಕೆ ಎಂದಿಟ್ಟುಕೊಳ್ಳಿ, 10 ನಿಮಿಷಕ್ಕಿಂತ ಹೆಚ್ಚು ಬೇಡ. ಪುಟದ ನಡುವೆ ಗೆರೆ. ಎಡಕ್ಕೆ "ಕಂಡದ್ದು", ಬಲಕ್ಕೆ "ಅಂದುಕೊಂಡದ್ದು". "ಸಂಜೆ 6:40, ಬಿಜೈ ಬಸ್ ಸ್ಟಾಪ್, ಕಪ್ಪು ರೇನ್‌ಕೋಟಿನವ ಬೈಕ್ ನಿಲ್ಲಿಸಿ ಫೋನ್ ಹಿಡಿದಿದ್ದ, 3 ನಿಮಿಷ" ಎಂಬುದು ಎಡಕ್ಕೆ. "ನನ್ನ ಫೋಟೊ ತೆಗೆದ" ಎಂಬುದು ಬಲಕ್ಕೆ. ಕೆಳಗೆ ಎರಡು ಸಾಲು: ಜೊತೆಯಲ್ಲಿದ್ದವರಿಗೆ ಕಂಡಿತೇ? ಹಿಂದಿನ ರಾತ್ರಿ ಎಷ್ಟು ಗಂಟೆ ನಿದ್ರೆ? ದಿನವಿಡೀ ಬರೆಯಲು ಬಿಟ್ಟರೆ ಕೆಡುತ್ತದೆ, ಆಗ ನೋಟ್‌ಬುಕ್ಕೇ ಕಾವಲುಗೋಪುರ ಆಗಿಬಿಡುತ್ತದೆ.

ಎರಡು ವಾರದ ಮೇಲೆ ಓದಿದರೆ ವಿಷಯ ಎತ್ತ ವಾಲಿದೆ ಎಂದು ತಿಳಿಯುತ್ತದೆ. ನಿಜವಾಗಿ ಬೆನ್ನು ಹತ್ತುವವನು ಸುಮ್ಮನೆ ನೋಡಿ ಬಿಡುವುದು ಕಡಿಮೆ, ಅವನಿಗೆ ಸಂಪರ್ಕ ಬೇಕು. ಮೆಸೇಜು, ಕರೆ, ಗೆಳತಿಯರ ಹತ್ತಿರ ವಿಚಾರಣೆ, ಗೇಟಿನ ಬಳಿ ಇಟ್ಟು ಹೋದ ವಸ್ತು. ಎಡಪಟ್ಟಿ ತುಂಬುತ್ತದೆ, ಬೇರೆಯವರೂ ನೋಡಿರುತ್ತಾರೆ, ಮನುಷ್ಯ ಒಬ್ಬನೇ. ಭಯವೇ ಬೆಳೆದ ಇನ್ನೊಂದು ಬಗೆಯಲ್ಲಿ ಬಲಪಟ್ಟಿ ಉದ್ದವಾಗುತ್ತದೆ, ನೋಡುವವರ ಸಂಖ್ಯೆ ಒಬ್ಬನಿಂದ ಒಂದು ಗುಂಪಾಗುತ್ತದೆ, ಟಿವಿಯ ಒಳಗಿಂದ, ಹಲ್ಲಿನ ಒಳಗಿಂದ ನೋಡುತ್ತಾರೆ ಎಂಬಲ್ಲಿಗೆ ಬರುತ್ತದೆ, ನಿದ್ರೆಯ ಗಂಟೆ ಇಳಿಯುತ್ತ ಹೋಗುತ್ತದೆ. ಇದು ತಕ್ಕಡಿಯಲ್ಲಿಟ್ಟ ತೀರ್ಪು ಅಲ್ಲ. ಎರಡೂ ಒಟ್ಟಿಗೆ ಇರಬಹುದು, ಮಾನಸಿಕ ಕಾಯಿಲೆ ಇರುವ ಹೆಂಗಸನ್ನೂ ಒಬ್ಬ ನಿಜವಾಗಿ ಹಿಂಬಾಲಿಸಬಹುದು.

ಎಡಪಟ್ಟಿ ತುಂಬಿದ್ದರೆ ಠಾಣೆ. 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನ್ಯಾಯ ಸಂಹಿತೆಯ 78ನೇ ಕಲಮು ಹಿಂಬಾಲಿಸುವುದಕ್ಕೇ ಇದೆ, ಆನ್‌ಲೈನ್ ಚಟುವಟಿಕೆಯ ಮೇಲೆ ಕಣ್ಣಿಡುವುದೂ ಅದರಲ್ಲಿ ಸೇರುತ್ತದೆ. ಮೊದಲ ಸಲಕ್ಕೆ 3 ವರ್ಷದ ತನಕ, ಮರುಕಳಿಸಿದರೆ 5 ವರ್ಷದ ತನಕ ಸಜೆ. ಕದ್ದು ನೋಡುವುದು, ಚಿತ್ರ ತೆಗೆಯುವುದು 77ನೇ ಕಲಮು. ಇವೆರಡೂ ಹೆಣ್ಣುಮಕ್ಕಳ ರಕ್ಷಣೆಗಿರುವ ಕಲಮುಗಳು. ಗಂಡಸು ದೂರು ಕೊಡುವುದಾದರೆ ಬೆದರಿಕೆಯ 351, ತಡೆದು ನಿಲ್ಲಿಸಿದ್ದಕ್ಕೆ 126ರ ಮೂಲಕ ಹೋಗಬೇಕು. ಯಾವ ಠಾಣೆಯಲ್ಲೂ ಶೂನ್ಯ ಎಫ್‌ಐಆರ್ ಕೊಡಬಹುದು, "ನಮ್ಮ ವ್ಯಾಪ್ತಿ ಅಲ್ಲ" ಎನ್ನುವಂತಿಲ್ಲ. ನೋಟ್‌ಬುಕ್ಕಿನ ಎಡಪಟ್ಟಿಯನ್ನು ಮಾತ್ರ ನಕಲು ಮಾಡಿ ಕೊಂಡುಹೋಗಿ. ಅಂಗಡಿಯ ಸಿಸಿಟಿವಿ ಬೇಕಿದ್ದರೆ ಅದೇ ವಾರ ಕೇಳಿ. ಹಾರ್ಡ್‌ಡಿಸ್ಕ್ ತುಂಬಿದ ಹಾಗೆ ಹಳೆಯದರ ಮೇಲೆ ಹೊಸದು ಬರೆದುಕೊಳ್ಳುತ್ತದೆ. ಅಪಾಯ ಎದುರಿಗೇ ಇದ್ದರೆ 112.

ವೈದ್ಯರ ಬಳಿ ಯಾವಾಗ

ಬಲಪಟ್ಟಿ ಉದ್ದವಾಗಿದ್ದು, ನಿದ್ರೆ ಸತತವಾಗಿ 4 ಗಂಟೆಗಿಂತ ಕೆಳಗೆ ಇಳಿದಿದ್ದರೆ, ಅಥವಾ ಕೆಲಸ, ಓದು, ಊಟ ಬಿಟ್ಟಿದ್ದರೆ ಎರಡು ವಾರವನ್ನೂ ಕಾಯಬೇಡಿ. ಮೊದಲು ಮೈಯ ಕಾರಣ ನೋಡಬೇಕು, ಮನೆಯವರು ಹಾರಿಹೋಗುವುದು ಇದನ್ನೇ. ಗಾಂಜಾ, ಎಂಡಿಎಂಎಯಂಥ ಮಾದಕ ವಸ್ತುಗಳು. ಕಾಲೇಜು ಊರುಗಳಲ್ಲಿ ಈ ಪ್ರಶ್ನೆಗೆ ನಾಚಬಾರದು. ಕುಡಿತ ಒಮ್ಮೆಲೇ ಬಿಟ್ಟ 2ರಿಂದ 4ನೇ ದಿನ. ಅಸ್ತಮಾಕ್ಕೋ ಸಂಧಿವಾತಕ್ಕೋ ಕೊಟ್ಟ ಸ್ಟೀರಾಯ್ಡ್, ಅದರಲ್ಲೂ ಪ್ರೆಡ್ನಿಸೊಲೋನ್ ದಿನಕ್ಕೆ 40 ಮಿಲಿಗ್ರಾಂ ದಾಟಿದಾಗ. ಪಾರ್ಕಿನ್‌ಸನ್ಸ್ ಮಾತ್ರೆ. ಥೈರಾಯ್ಡ್. ವಯಸ್ಸಾದವರಲ್ಲಿ ಕಿವಿ ಮಂದವಾದರೂ ಸಾಕು, ಪಕ್ಕದ ಕೋಣೆಯ ಗುಸುಗುಸು ತಮ್ಮ ಬಗ್ಗೆಯೇ ಎನ್ನಿಸುತ್ತದೆ. ಶ್ರವಣ ಸಾಧನ ಹಾಕಿಸಿದ ಮೇಲೆ ಅರ್ಧ ಅನುಮಾನ ಇಳಿದದ್ದೂ ಉಂಟು. ನಿನ್ನೆಯವರೆಗೆ ಸರಿ ಇದ್ದ ಅಜ್ಜಿ ಇವತ್ತು "ಕಿಟಕಿಯಲ್ಲಿ ಯಾರೋ ಇದ್ದಾರೆ" ಎಂದು ತಡಬಡಿಸಿದರೆ ಅದು ಮನಸ್ಸಿನದ್ದಲ್ಲ ಎಂದೇ ತಿಳಿದು ಅದೇ ದಿನ ಆಸ್ಪತ್ರೆಗೆ ಕರೆದುಕೊಂಡು ಹೋಗಿ. ಮೂತ್ರದ ಸೋಂಕು ಇರಬಹುದು, ಬಿಪಿಯ ಥಯಾಜೈಡ್ ಮಾತ್ರೆಯಿಂದ ಸೋಡಿಯಂ ಕುಸಿದಿರಬಹುದು. ಹೆರಿಗೆಯಾದ ಮೊದಲ ಕೆಲವು ವಾರಗಳಲ್ಲಿ ಬಾಣಂತಿ "ಮಗುವಿಗೆ ಯಾರೋ ಏನೋ ಮಾಡುತ್ತಾರೆ" ಎಂದು ನಿದ್ರೆ ಬಿಟ್ಟರೂ ಹಾಗೆಯೇ, ಅದೇ ದಿನ.

ನಿದ್ರೆಯ ಬಗ್ಗೆ ಇನ್ನೊಂದು ಮಾತು. ಬ್ರಿಟನ್ನಿನ 26 ವಿಶ್ವವಿದ್ಯಾಲಯಗಳ 3,755 ವಿದ್ಯಾರ್ಥಿಗಳ ಮೇಲೆ ನಡೆದ ಪ್ರಯೋಗ 2017ರಲ್ಲಿ ಪ್ರಕಟವಾಯಿತು. ನಿದ್ರಾಹೀನತೆಗೆ ಮಾತ್ರ ಚಿಕಿತ್ಸೆ ಕೊಟ್ಟರು, ಅನುಮಾನದ ಸುದ್ದಿಗೇ ಹೋಗಲಿಲ್ಲ. ನಿದ್ರೆ ಸುಧಾರಿಸಿದಂತೆ ಅನುಮಾನವೂ ಇಳಿಯಿತು. ಏಳುವ ಸಮಯ ದಿನಾ ಒಂದೇ. ಮಧ್ಯಾಹ್ನ 2ರ ಮೇಲೆ ಕಾಫಿ ಇಲ್ಲ. 20 ನಿಮಿಷ ನಿದ್ರೆ ಬರದಿದ್ದರೆ ಎದ್ದು ಬೇರೆ ಕೋಣೆಯಲ್ಲಿ ಕೂತು, ತೂಕಡಿಕೆ ಬಂದಾಗ ಪುನಃ ಹಾಸಿಗೆ. ಇದಕ್ಕೆ ಖರ್ಚೂ ಇಲ್ಲ, ವಾದವೂ ಇಲ್ಲ.

ಕರೆದೊಯ್ಯುವಾಗ ಸುಳ್ಳು ಹೇಳಬೇಡಿ. "ನನ್ನ ಬಿಪಿ ನೋಡಿಸಲಿಕ್ಕೆ ಬಾ ಮಗ" ಎಂದು ಮನೋವೈದ್ಯರ ಮುಂದೆ ಕೂರಿಸಿದರೆ, ಎಲ್ಲರೂ ಸೇರಿ ಸಂಚು ಮಾಡಿದ್ದಾರೆ ಎಂಬ ಅವನ ನಂಬಿಕೆಗೆ ಅದೊಂದು ಮಾತ್ರ ನಿಜವಾದ ಸಾಕ್ಷಿ ಆಗುತ್ತದೆ. ಅವನೂ ಒಪ್ಪುವ ಸಂಗತಿ ಹಿಡಿಯಿರಿ: "ನಂಗೆ ಅವ ಕಾಣ್ಲಿಲ್ಲ. ಆದ್ರೆ ನೀನು ಹೆದರಿದ್ದು ನಂಗೆ ಕಾಣ್ತದೆ. ಐದು ದಿನ ಆಯ್ತು ನೀನು ಮಲಗದೆ. ನಿದ್ರೆಗೆ ಎಂತ ಮಾಡ್ಲಿಕ್ಕಾಗ್ತದೆ ಅಂತ ಕೇಳಿ ಬರುವ." ಇದರಲ್ಲಿ ಒಪ್ಪಿಗೆಯೂ ಇಲ್ಲ, ನಿರಾಕರಣೆಯೂ ಇಲ್ಲ. ಅದೇ ಮಾತಿನ ಮುಂದುವರಿಕೆಯಾಗಿ ನೇರವಾಗಿ ಕೇಳಬೇಕಾದ್ದು ಎರಡುಂಟು. ಸಾಯುವ ಯೋಚನೆ ಬಂದಿದೆಯೇ? ರಕ್ಷಣೆಗೆ ಎಂದು ಹತ್ತಿರ ಏನಾದರೂ ಇಟ್ಟುಕೊಂಡಿದ್ದೀಯಾ? ನಮ್ಮ ಕಡೆ ಪ್ರತಿ ಮನೆಯಲ್ಲೂ ತೆಂಗು ಅಡಿಕೆಯ ಕೆಲಸಕ್ಕೆ ಕತ್ತಿ ಇರುತ್ತದೆ. ಅದು ದಿಂಬಿನಡಿಗೆ ಹೋಗಿದೆಯೇ ನೋಡಿ, ಸದ್ದಿಲ್ಲದೆ ಸಂಬಂಧಿಕರ ಮನೆಗೆ ಸಾಗಿಸಿ.

ಎಲ್ಲಿಗೆ ಹೋಗುವುದು? ಮಂಗಳೂರಿನಲ್ಲಿ ವೆನ್ಲಾಕ್ ಆಸ್ಪತ್ರೆ, ಉಡುಪಿಯಲ್ಲಿ ಅಜ್ಜರಕಾಡಿನ ಜಿಲ್ಲಾ ಆಸ್ಪತ್ರೆ, ತಾಲೂಕು ಆಸ್ಪತ್ರೆಗಳಲ್ಲಿ ಮಂಗಳವಾರದ ಮನೋಚೈತನ್ಯ ಎಂಬ ಮಾನಸಿಕ ಆರೋಗ್ಯ ಕ್ಲಿನಿಕ್; ಹೊರಡುವ ಮೊದಲು ಒಂದು ಫೋನ್ ಮಾಡಿ. ಬರಲೊಪ್ಪದಿದ್ದರೆ ಮನೆಯವರೇ ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ 14416 ಟೆಲಿ-ಮಾನಸ್‌ಗೆ ಕರೆ ಮಾಡಿ ದಾರಿ ಕೇಳಬಹುದು, ಕನ್ನಡದಲ್ಲೇ, ದಿನದ ಯಾವ ಹೊತ್ತಿಗೂ.

ಔಷಧಿಯ ಬಗ್ಗೆ ಪ್ರಶ್ನೆಗಳು ಬಹಳ ಬರುತ್ತವೆ. ಇಂಥ ನಂಬಿಕೆಗಳಿಗೆ ಕೊಡುವ ರಿಸ್ಪೆರಿಡೋನ್ ಮಾತ್ರೆ ಆದರೆ ಸಾಮಾನ್ಯವಾಗಿ 1 ಮಿಲಿಗ್ರಾಂ ಆಸುಪಾಸಿನಿಂದ ಶುರು ಮಾಡಿ 2ರಿಂದ 4ಕ್ಕೆ ಏರಿಸುತ್ತಾರೆ, ವಯಸ್ಸಾದವರಿಗೆ ಇದಕ್ಕಿಂತ ಬಹಳ ಕಡಿಮೆ. ಮೊದಲ ವಾರದಲ್ಲಿ ಇಳಿಯುವುದು ಚಡಪಡಿಕೆ ಮತ್ತು ನಿದ್ರೆಯ ತೊಂದರೆ. ನಂಬಿಕೆ ಸಡಿಲಾಗಲು 4ರಿಂದ 6 ವಾರ ಬೇಕು. "ಹತ್ತು ದಿನ ಕೊಟ್ಟೆವು, ಇನ್ನೂ ಅದೇ ಹೇಳುತ್ತಾನೆ" ಎಂದು ನಿಲ್ಲಿಸುವುದೇ ನಾವು ಅತಿ ಹೆಚ್ಚು ಕಾಣುವ ತಪ್ಪು. ಮೊದಲ ದಿನಗಳಲ್ಲಿ ಕುತ್ತಿಗೆ ಒಂದು ಕಡೆ ತಿರುಚುವುದು, ಕಣ್ಣು ಮೇಲಕ್ಕೆ ಸಿಕ್ಕಿಕೊಳ್ಳುವುದು ಕೆಲವರಿಗೆ ಆಗುತ್ತದೆ. ಹೆದರಿಸುವ ದೃಶ್ಯ, ಆದರೆ ಆಸ್ಪತ್ರೆಯಲ್ಲಿ ಒಂದು ಇಂಜೆಕ್ಷನ್ನಿಗೆ ನಿಮಿಷಗಳಲ್ಲಿ ಇಳಿಯುತ್ತದೆ. ಕೂತಲ್ಲಿ ಕೂರಲಾಗದ ಕಾಲಿನ ತಳಮಳ ಬಂದರೆ ಅದನ್ನು ಕಾಯಿಲೆ ಹೆಚ್ಚಾಯಿತು ಎಂದು ತಿಳಿಯಬೇಡಿ, ಡೋಸ್ ಬದಲಿಸಬೇಕಾದ ಸೂಚನೆ ಅದು. ಇದೇ ಬಗೆಯ ಇನ್ನೊಂದು ಮಾತ್ರೆ ಒಲಾಂಜಪಿನ್ ಆದರೆ ತೂಕ ಏರುತ್ತದೆ; ಶುರುವಿನಲ್ಲಿ, 3 ತಿಂಗಳಿಗೆ, ಆಮೇಲೆ ವರ್ಷಕ್ಕೊಮ್ಮೆ ತೂಕ, ಸಕ್ಕರೆ, ಕೊಬ್ಬಿನಂಶ ಅಳೆಯಬೇಕು. ಮೊದಲ ಸಲದ ಕಾಯಿಲೆಯಲ್ಲಿ ಪೂರ್ತಿ ಗುಣವಾದ ಮೇಲೂ ಕನಿಷ್ಠ ಒಂದೆರಡು ವರ್ಷ ಮುಂದುವರಿಸುತ್ತಾರೆ.

ಗಂಜಿಯಲ್ಲಿ, ಪಾಯಸದಲ್ಲಿ ಗೊತ್ತಾಗದ ಹಾಗೆ ಮಾತ್ರೆ ಬೆರೆಸುವುದು ನಮ್ಮ ಮನೆಗಳಲ್ಲಿ ಗುಟ್ಟೇನೂ ಅಲ್ಲ. ಒಂದು ದಿನ ತಳದಲ್ಲಿ ಬಿಳಿ ಚೂರು ಕಾಣುತ್ತದೆ. ಅಲ್ಲಿಂದ ಮುಂದೆ ಅವನು ಮನೆಯ ಊಟವನ್ನೇ ಮುಟ್ಟುವುದಿಲ್ಲ, ಅಮ್ಮನೇ ವಿಷ ಹಾಕುವವಳಾಗುತ್ತಾಳೆ. ಮಾತ್ರೆ ಒಲ್ಲದವರಿಗೆ ಎರಡು ಅಥವಾ ನಾಲ್ಕು ವಾರಕ್ಕೊಮ್ಮೆ ಕೊಡುವ ಇಂಜೆಕ್ಷನ್ ಇದೆ, ಅದನ್ನು ಅವನ ಎದುರಿಗೇ ಚರ್ಚಿಸಿ.

ಒಪ್ಪಿಗೆ ಇಲ್ಲದೆ ದಾಖಲಿಸುವುದಕ್ಕೆ ನಿಯಮವಿದೆ. 2018ರ ಮೇ 29ರಿಂದ ಜಾರಿಗೆ ಬಂದ ಮಾನಸಿಕ ಆರೋಗ್ಯ ಆರೈಕೆ ಕಾಯ್ದೆಯ 89ನೇ ಕಲಮಿನಂತೆ, ಒಬ್ಬ ಮನೋವೈದ್ಯರೂ ಜೊತೆಗೆ ಇನ್ನೊಬ್ಬ ವೈದ್ಯರು ಅಥವಾ ಮಾನಸಿಕ ಆರೋಗ್ಯ ತಜ್ಞರೂ ಬೇರೆ ಬೇರೆಯಾಗಿ ಪರೀಕ್ಷಿಸಿ ಒಪ್ಪಿದರೆ 30 ದಿನದ ತನಕ ಇರಿಸಿಕೊಳ್ಳಬಹುದು. ಕೋರಿಕೆ ಬರಬೇಕಾದದ್ದು ನಾಮನಿರ್ದೇಶಿತ ಪ್ರತಿನಿಧಿಯಿಂದ, ಅಂದರೆ ರೋಗಿಯ ಪರವಾಗಿ ನಿಲ್ಲಲು ಕಾಯ್ದೆಯಂತೆ ಗೊತ್ತುಮಾಡಿದ ವ್ಯಕ್ತಿಯಿಂದ. ಸರಪಳಿ ಹಾಕುವುದು ಅದೇ ಕಾಯ್ದೆಯಲ್ಲಿ ನಿಷಿದ್ಧ.

ಇನ್ನು ಪ್ರಶ್ನೆ ಇಡುವ, ಅಂದರೆ ದೈವದ ಅಥವಾ ಜ್ಯೋತಿಷಿಯ ಮೂಲಕ ಕಷ್ಟದ ಕಾರಣ ಕೇಳುವ ವಿಚಾರ. ತುಳುನಾಡಿನಲ್ಲಿ ಇದನ್ನು ಬಿಟ್ಟು ಮಾತಾಡುವುದು ಆತ್ಮವಂಚನೆ. ಹೆಚ್ಚಿನವರು ಆಸ್ಪತ್ರೆಗೆ ಮೊದಲು ಬಲಿಮೆಗೆ, ಪ್ರಶ್ನೆಗೆ ಹೋಗಿರುತ್ತಾರೆ. ಹೋಗಬೇಡಿ ಎಂದು ನಾವು ಹೇಳುವುದಿಲ್ಲ. ದೈವದ ಪ್ರಸಾದದ ಜೊತೆ ಮಾತ್ರೆಯೂ ಇರಲಿ ಎನ್ನುತ್ತೇವೆ. ಒಂದೇ ಒಂದು ಕೋರಿಕೆ. "ಯಾರು ಮಾಡಿದ್ದು" ಎಂದು ಕೇಳಬೇಡಿ. "ತೆಂಕು ದಿಕ್ಕಿನ ಸಂಬಂಧಿಕರು" ಎಂಬಷ್ಟು ಉತ್ತರ ಬಂದರೂ ಸಾಕು, ಇಷ್ಟು ದಿನ "ಯಾರೋ" ಆಗಿದ್ದವನಿಗೆ ಹೆಸರು, ಮನೆ, ಗೇಟು ಎಲ್ಲ ಸಿಕ್ಕಿಬಿಡುತ್ತದೆ. ಕತ್ತಿ ಹಿಡಿದು ಹೋಗಲು ಒಂದು ವಿಳಾಸ ಆಯಿತು.

ಸಭೆಯಲ್ಲಿ ಕೊನೆಗೆ ಒಬ್ಬರು ಕೇಳಿದ್ದು: "ಆ ಹೆಸರು ನಮ್ಮದೇ ಆದರೆ? ಎದುರು ಮನೆಯವರು ನಮ್ಮನ್ನೇ ಅನುಮಾನಿಸಿದರೆ?" ಒಳ್ಳೆಯ ಪ್ರಶ್ನೆ, ಯಾರೂ ಕೇಳುವುದಿಲ್ಲ. ಸಾಬೀತು ಮಾಡಲು ಅವರ ಮನೆಗೆ ಹೋಗಬೇಡಿ. ಅವರ ಗೇಟಿನ ಕಡೆಗೆ ಕ್ಯಾಮೆರಾ ಹಾಕಿಸಬೇಡಿ. ಫೋನ್ ಹಿಡಿದು ವಿಡಿಯೊ ಮಾಡಬೇಡಿ, ವಾಟ್ಸಾಪ್ ಗುಂಪಿನಲ್ಲಿ ಬರೆಯಬೇಡಿ. ಕಂಡರೆ ಎಂದಿನಂತೆ ದೂರದಿಂದಲೇ ಒಂದು ನಮಸ್ಕಾರ, ಹತ್ತಿರ ಹೋಗಿ ನಗುತ್ತ ಮಾತಾಡಿಸುವುದು ಬೇಡ. ಅವರ ಅಣ್ಣನನ್ನೋ ಅಮ್ಮನನ್ನೋ ಬೇರೆ ಕಡೆ ಭೇಟಿಯಾಗಿ, ದೂರಿನ ಧಾಟಿಯಲ್ಲಲ್ಲದೆ, "ಅವರಿಗೆ ನಿದ್ರೆ ಇಲ್ಲ ಅಂತ ಕಾಣ್ತದೆ, ರಾತ್ರಿ ಮೂರು ಗಂಟೆಗೂ ಲೈಟ್ ಉಂಟು" ಎಂದಷ್ಟೇ ಹೇಳಿ. ಬೆದರಿಕೆ ಬಂದರೆ ಮಾತ್ರ 112ಕ್ಕೆ ಕರೆ ಮಾಡಿ. ಆಗಲೂ "ಅವರಿಗೆ ಹುಷಾರಿಲ್ಲ" ಎಂದು ಮೊದಲೇ ತಿಳಿಸಿ. ಅಂಥವರು ಅಪಾಯದಲ್ಲಿದ್ದಾರೆ ಎಂದು ಕಂಡರೆ ತಮ್ಮ ರಕ್ಷಣೆಗೆ ತೆಗೆದುಕೊಂಡು 24 ಗಂಟೆಯೊಳಗೆ ಹತ್ತಿರದ ಸರ್ಕಾರಿ ಆಸ್ಪತ್ರೆಗೆ ಒಯ್ಯಬೇಕಾದದ್ದು ಪೊಲೀಸರ ಕರ್ತವ್ಯ, ಲಾಕಪ್ಪಿಗಲ್ಲ.